ಎಚ್ಚರದ ಪಾಳಿ

ಕಾಗದದಲ್ಲಿ ಸ್ಫಟಿಕ, ಊರ ಬಾಯಲ್ಲಿ ಪಟಿಕ.
ಹಡಪದ ಈರಣ್ಣನ ಬಟ್ಟಲಲ್ಲಿ ನೆನೆಯುವುದಕ್ಕೂ ಅದೇ ಹೆಸರು,
ಕೂಸಿಗೆ ದಿಟ್ಟಿ ತಾಕಿದರೆ ಕೆಂಡಕ್ಕೆ ಹಾಕುವುದಕ್ಕೂ.
ಉಬ್ಬಿ, ನೊರೆಗಟ್ಟಿ, ಯಾರ ಮುಖವಾಗುತ್ತದೆ ನೋಡೇ
ಅನ್ನುತ್ತಿದ್ದಳು ಅವ್ವ.
ಇದರೊಳಗೂ ಮುಖಗಳಿವೆ. ಸುಡುವಂತಿಲ್ಲ, ಅಷ್ಟೇ.

ಆದವಾನಿ. ಮುಚ್ಚಿದ ಜಿನ್ನಿಂಗ್ ಮಿಲ್ಲಿನ ಮೂರನೇ ಶೆಡ್ಡು.
ಗೋಡೆ ಕೆರೆದರೆ ಇವತ್ತಿಗೂ ಅರಳೆ.
ಅಮಾವಾಸ್ಯೆಯ ರಾತ್ರಿ ನಲವತ್ತು ಮಂದಿ
ತಲೆ ಒಳಕ್ಕೆ, ಕಾಲು ಹೊರಕ್ಕೆ,
ಬಂಡಿಗಾಲಿಯ ಅರಗಳ ಹಾಗೆ.
ನಡುವೆ ತಾಮ್ರದ ಪೀಠ, ಅದರ ಮೇಲೆ
ಸುಣ್ಣದ ಡಬ್ಬಿಯಷ್ಟು ಹರಳು.
ಹಾಸಿಗೆ ಅವರದು, ಬೆಳಗಿನ ಚಹಾ ಸರಕಾರದ್ದು.
ಹಮಾಲಿ ಹುಸೇನಪ್ಪ, ಮಾಬುನ್ನಿ, ಮಾಬುನ್ನಿಯ ಸವತಿ,
ದಲಾಲಿ ಗುಂಡಯ್ಯ ಶೆಟ್ಟರು:
ಜನ್ಮವೆಲ್ಲ ಹತ್ತಿ ಮಾರಿಯೂ
ತಲೆಗೆ ಬೂರುಗದ ದಿಂಬೇ ಆಗಬೇಕು.

ಒಬ್ಬರ ಕನಸು ಹರಳಿಗೆ ಹತ್ತುವುದಿಲ್ಲ.
ಏಳು ಜನಕ್ಕಾದರೂ ಒಂದೇ ಬೀಳಬೇಕು,
ಆಗ ನಿಧಾನ ಹೆಪ್ಪುಗಟ್ಟುತ್ತದೆ
ಮೊಸರಿನ ಹಾಗೆ. ಗಡಿಗೆ ಅಲುಗಬಾರದು.
ಅದಕ್ಕೇ ನಾನು.
ಉರುಕುಂದಮ್ಮ, ರಾತ್ರಿ ಕಾವಲು, ಒಂಬತ್ತನೇ ವರುಷ.
ನಾನು ತೂಕಡಿಸಿದರೆ ಹರಳಿಗೆ ಮಂಜು.
ಹುರಿದ ಹುಣಸೆಬೀಜ ದವಡೆಯಲ್ಲಿಟ್ಟು
ಗಂಟೆಗೊಂದು ಕಡಿಯುತ್ತೇನೆ.
ಕಟುಂ ಎಂದರೆ ಎರಡು, ಕಟುಂ ಎಂದರೆ ಮೂರು.

ವಹಿಯಲ್ಲಿರುವುದು ನನ್ನದೇ ಕೈಬರಹ.
ಹನ್ನೊಂದನೇ ಹರಳು: ಮಿಲ್ಲಿನ ಸೈರನ್ ಕೂಗುತ್ತದೆ,
ಊರಿಗೆ ಊರೇ ಒಂದು ಕಾಲಿನ ಚಪ್ಪಲಿ ಹುಡುಕುತ್ತದೆ.
ನಲವತ್ತೆರಡು: ಕೋಟೆಯ ಬಂಡೆಗಳು ಹಗುರಾಗಿ
ಅರಳೆಯಂತೆ ತೇಲುತ್ತವೆ, ದಾರ ಕಟ್ಟಿ ಎಳೆಯುವ ಮುದುಕರು.
ಎಂಬತ್ತು: ಪರೀಕ್ಷೆ. ಶಾಲೆಯ ಮೆಟ್ಟಿಲು ಹತ್ತದವರೂ ಫೇಲು.

ಕರ್ನೂಲಿನ ನಮೂನೆಯಲ್ಲಿ ಒಂದು ಕಾಲಂ ಇದೆ, ಕನಸಿನ ಭಾಷೆ.
ನಮಗೆ ಕನಸು ಬೀಳುತ್ತದೆ.
ತೆಲುಗು ಓಣಿಗೆ ಅದು ಬರುತ್ತದೆ, ಬೀಗರ ಹಾಗೆ.
ಮಾಬುನ್ನಿ ನೋಡುತ್ತಾಳೆ, ಉರ್ದುವಿನಲ್ಲಿ.
ಬಿದ್ದದ್ದೋ ಬಂದದ್ದೋ ನೋಡಿದ್ದೋ
ಹರಳಿನೊಳಗೆ ಒಂದೇ ಗೆರೆ, ಕೂದಲಿನಷ್ಟು.
ಇಷ್ಟು ವರುಷ ಆ ಕಾಲಂ ಖಾಲಿ ಬಿಟ್ಟೆ,
ಯಾರೂ ಕೇಳಲಿಲ್ಲ.

ತಪಾಸಣೆಗೆ ಬಂದ ಹುಡುಗ ಮಸೂರದಿಂದ ಕಣ್ಣೆತ್ತಿ
"ನುವ್ವೇ ಚೂಡಮ್ಮಾ" ಅಂದು ಕುರ್ಚಿ ಬಿಟ್ಟ.
ತೊಂಬತ್ತೇಳು.
ಅದೇ ಶೆಡ್ಡು. ಅದೇ ಬಲ್ಬು.
ನಲವತ್ತೂ ಮಂದಿ ಎದ್ದು ನಿಂತಿದ್ದಾರೆ, ಬರಿಗಾಲಲ್ಲಿ.
ನಡುವೆ, ಹರಳಿರುವ ಕಡೆ,
ನಾನು.
ಮುದುಡಿಕೊಂಡು, ಬಾಯಿ ತೆರೆದು, ನಿದ್ದೆ.
ಸೆರಗು ಎಲ್ಲೋ. ಮಾಬುನ್ನಿ, ಅವಳ ಸವತಿ,
ಮನೆಯಲ್ಲಿ ಒಲೆ ಕೂಡ ಹಂಚಿಕೊಳ್ಳದವರು,
ಕೌದಿಯ ಎರಡು ತುದಿ ಹಿಡಿದು ಹೊದಿಸುತ್ತಿದ್ದಾರೆ.
ಬಾಗಿಲಲ್ಲಿ ಹುಸೇನಪ್ಪ ನಾಯಿಗೆ ಕೈಮುಗಿಯುತ್ತಿದ್ದಾನೆ
ಬೊಗಳಬೇಡಪ್ಪಾ ಎಂದು.
ಯಾರೋ ನನ್ನ ಉಸಿರು ಎಣಿಸುತ್ತಿದ್ದಾರೆ,
ತಪ್ಪಿದರೆ ಮತ್ತೆ ಒಂದರಿಂದ.

ಎಷ್ಟು ಜನಕ್ಕೆ ಬಿದ್ದದ್ದು? ಹುಡುಗ ಎಣಿಸಿದ. ನಲವತ್ತು.
ಏಳು, ಒಂಬತ್ತು, ಹೆಚ್ಚೆಂದರೆ ಹದಿನಾಲ್ಕು ಬರೆದ ಕೈ
ಸೊನ್ನೆ ತಿದ್ದಲು ತಡವರಿಸಿತು.
ಆ ಬೆಳಿಗ್ಗೆ ಚಹಾ ಕೊಡುತ್ತ ಕೇಳಿದ್ದೆ, ಏನು ಬಿತ್ತು?
"ನೆನಪಿಲ್ಲ ಬಿಡವ್ವ" ಅಂದಿದ್ದರು ಎಲ್ಲರೂ,
ಲೋಟ ಊದುತ್ತ, ನನ್ನ ಕಡೆ ನೋಡದೆ.

ಭಾಷೆಯ ಕಾಲಮ್ಮಿನಲ್ಲಿ ಮೊದಲ ಸಲ ಬರೆದೆ:
ಗೊರಕೆ.

ಮುಂದಿನ ಅಮಾವಾಸ್ಯೆಗೆ ಶೆಟ್ಟರು ಎರಡು ದಿಂಬು ತಂದರು.
ಒಂದನ್ನು ನನ್ನ ಸ್ಟೂಲಿನ ಹತ್ತಿರ ಮರೆತರು.
ಬೂರುಗ. ಮುಟ್ಟಿ ನೋಡಿದೆ.
ಹುಣಸೆಬೀಜ ಬಾಯಿಗೆ ಹಾಕಿಕೊಂಡೆ.