ಗಾದಿ ಹಿಡಿದವನು

ನನ್ನ ಕೆಲಸ ಇಷ್ಟೇ. ಅವಳು ಮೇಲಿರುವಾಗ
ಬದಿಯಲ್ಲಿ ಗಾದಿ ಹಿಡಿದು ನಿಲ್ಲುವುದು,
ದಾರಿ ತಪ್ಪಿ ಇಳಿದರೆ ಅಡಿಗೆ ನೂಕುವುದು.
ಒಂಬತ್ತು ವರ್ಷ ನಿಂತೆ. ನೂಕಿದ್ದು ನಾಲ್ಕೇ ಸಲ.

ಮುಚ್ಚಿದ ಹತ್ತಿ ಮಿಲ್ಲಿನ ಗೋದಾಮಿಗೆ
ಯಾವುದೋ ಹರಾಜಿನಿಂದ ಲಾರಿಯಲ್ಲಿ ಬಂತು ಟ್ರ್ಯಾಂಪೊಲಿನ್,
ದಾವಣಗೆರೆಯ ಬಾಯಲ್ಲಿ ಮರುದಿನವೇ ತಾಡಪಾಲು.
ಚೌಕಟ್ಟಿನ ಮೇಲೆ ಎರಡು ಸಾಲು ಜಪಾನಿ ಅಕ್ಷರ.
"ಏನ್ ಬರದೈತಿ ಸಾರ್?"
"ಬೂಟ್ ಹಾಕ್ಕಂಡು ಹತ್ತಬ್ಯಾಡ್ರಿ ಅಂತ,"
ಕೊಟ್ರೇಶ ಮಾಸ್ತರು ಕಣ್ಣು ಕಿರಿದು ಮಾಡಿ ಓದಿದರು.
ಅಂದಿನಿಂದ ಬಾಗಿಲಲ್ಲಿ ಚಪ್ಪಲಿಯ ರಾಶಿ.

ಖಮರುನ್ನಿಸಾ ಬಂದದ್ದು ಮಂಡಕ್ಕಿ ಭಟ್ಟಿಯಿಂದ,
ಕೂದಲಲ್ಲಿ ಹೊಟ್ಟಿನ ಬೂದಿ.
ಅವಳಪ್ಪ ಕಾದ ಮರಳಿಗೆ ಅಕ್ಕಿ ಸುರಿದು
ಕೈಯಾಡಿಸುತ್ತ ಅನ್ನುತ್ತಿದ್ದ:
"ಒಂದೇ ಸಲ ಹಾರ್ತತಿ ನೋಡಪ್ಪ ಇದು.
ಇಳಿದ ಮ್ಯಾಲೆ ಇದಕ್ಕ ಅಕ್ಕಿ ಅನ್ನಂಗಿಲ್ಲ."

ಅವಳು ದಿನಕ್ಕೆ ನಾನೂರು ಸಲ ಹಾರಿ
ಅಕ್ಕಿಯಾಗಿಯೇ ಇಳಿಯುತ್ತಿದ್ದಳು.
ಹಾಸಿನ ನಡುವೆ ಒಂದು ಕೆಂಪು ಗುರುತು.
ಮಾಸ್ತರರ ಪಾಠವೂ ಒಂದೇ:
ಎಲ್ಲಿಂದ ಹೋದೆಯೋ ಅಲ್ಲಿಗೇ ಬಾ.
ಗೇಣು ಸರಿದರೆ ಬೈಗುಳ, ಮೊಳ ಸರಿದರೆ ನನ್ನ ಗಾದಿ.
ಹತ್ತು ಲಾಗ ಮುಗಿದ ಮೇಲೆ
ಮೂರು ಸೆಕೆಂಡು ಅಲ್ಲಾಡದೆ ನಿಲ್ಲಬೇಕು.
ಪಂಚರು ಪಾದ ನೋಡುತ್ತಿದ್ದರು.
ಕತ್ತಿನ ನರ ಹೊಡೆದುಕೊಳ್ಳುವುದು
ಬದಿಯಲ್ಲಿದ್ದವನಿಗೆ ಮಾತ್ರ ಕಾಣುತ್ತಿತ್ತು.

ಭಾನುವಾರ ಮಿರ್ಚಿ ಅಂಗಡಿಯ ಟೀವಿಯಲ್ಲಿ ಜಪಾನಿನ ಅಡೆತಡೆ ಓಟ,
ಹಿಂದಿಯಲ್ಲಿ ಯಾರೋ ಇಬ್ಬರು ಗಂಡಸರ ನಗೆ.
ಒಬ್ಬ ಹೆಂಗಸು ಬಂದಳು, ಕೆಳಗಿನ ನೀರಿಗೆ ಬಾಗಿದಳು,
ಕಂಬದಿಂದ ಕಂಬಕ್ಕೆ ಹಾರಿದಳು.
ಹೆಸರನ್ನು ಅವರು ಮೂರು ಬಗೆಯಲ್ಲಿ ಕೆಡಿಸಿದರು.
"ಕಾಲ್ಬೆರಳು ನೋಡು," ಅಂದಳು ಖಮರು, ಮಿರ್ಚಿ ಕೆಳಗಿಟ್ಟು,
"ಗಾಳ್ಯಾಗೂ ಚೂಪು ಮಾಡ್ಯಾಳ. ನಮ್ಮಾಕಿ."

ರಾಷ್ಟ್ರಮಟ್ಟದ ಬೆಳ್ಳಿ. ಮಂಡಿಯೊಳಗೆ ಒಂದು ಮೊಳೆ.
ರೈಲ್ವೆ ಕೆಲಸದ ಅರ್ಜಿ, ಅದಕ್ಕೆ ಬಂದ ಸ್ವೀಕೃತಿ ಚೀಟಿ.
ಆಮೇಲೆ ಮುಂಬಯಿಯಿಂದ ಫೋನು:
ಅಂಥದೇ ಓಟ, ನಮ್ಮ ದೇಶದ್ದು, ಬರುತ್ತೀರಾ?

ಮೂರನೆಯ ಅಡೆತಡೆಯೇ ಪುಟ್ಟ ಟ್ರ್ಯಾಂಪೊಲಿನ್.
ಊರೆಲ್ಲ ನಕ್ಕಿತು, ಇದಾದರೆ ತವರುಮನೆ ಎಂದು.
ಅವಳು ಮೆಟ್ಟಿದಳು, ಎದ್ದಳು,
ಅಷ್ಟು ಎತ್ತರ ಅಲ್ಲಿ ಯಾರೂ ಎದ್ದಿರಲಿಲ್ಲ.
ನೆಟ್ಟಗೆ ಎದ್ದವಳು ನೆಟ್ಟಗೇ ಇಳಿದಳು.
ಹಿಡಿಯಬೇಕಿದ್ದ ಹಗ್ಗ ಐದಡಿ ಮುಂದಿತ್ತು.
ಎರಡನೆಯ ಪುಟಿತಕ್ಕೆ ಹಾಸು ಅವಳನ್ನು ನೀರಿಗೆ ಚೆಲ್ಲಿತು.
ಜನರ ನಡುವೆ ಟೋಕನ್ ಹಿಡಿದು ಕೂತಿದ್ದ ನನ್ನ ಎರಡೂ ಕೈ
ಇಲ್ಲದ ಗಾದಿಯನ್ನು ನೂಕಿದವು.

ರೈಲು ಹುಬ್ಬಳ್ಳಿ ದಾಟುವವರೆಗೆ ಮಾತಿಲ್ಲ.
ಆಮೇಲೆ: "ಮುಂದಕ್ಕ ಹೋಗೋದು ನನಗ ಯಾರೂ ಕಲಿಸಿಲ್ಲಲೇ."

ಕಲಿತಳು, ವರ್ಷವಿಡೀ,
ಭಟ್ಟಿಯ ಹಿಂದಿನ ಮರಳಿನಲ್ಲಿ, ಟ್ರ್ಯಾಕ್ಟರಿನ ಟ್ಯೂಬು ಮೆಟ್ಟಿ
ಬೇವಿನ ಕೊಂಬೆಗೆ ನೆಗೆನೆಗೆದು.
ಮಾಸ್ತರು ಒಮ್ಮೆ ನೋಡಿ ಮುಖ ತಿರುಗಿಸಿದರು.
ಮರುವರ್ಷ ಹಗ್ಗ ಸಿಕ್ಕಿತು, ಜೋಲು ಕೊಳವೆಗಳೂ ಸಿಕ್ಕವು,
ಕೊನೆಯ ಬಾಗಿದ ಗೋಡೆಗೆ ಮೂರು ಸಲ ಓಡಿದಳು.
ಮೂರನೆಯ ಸಲ ಅಂಚಿಗೆ ಎರಡು ಬೆರಳು.
ಗಂಟೆ ಬಾರಿಸಿತು.
ಟೀವಿಯಲ್ಲಿ ಆ ಬೆರಳು ಬರಲೇ ಇಲ್ಲ, ಸೋಪಿನ ಜಾಹೀರಾತು ಬಂತು.

ಈಗ ಗೋದಾಮಿನಲ್ಲಿ ಹದಿನಾರು ಮಕ್ಕಳು. ಅವಳದೇ ಸೀಟಿ.
"ಮ್ಯಾಡಂ, ಏನ್ ಬರದೈತಿ ಇದ್ರಾಗ?"
ಫೋನು ಹಿಡಿದು ಓದಿಸಿದಳು ಮೊನ್ನೆ:
ಒಬ್ಬರೇ ಇರುವಾಗ ಬಳಸಬೇಡಿ.
ತಿಂಗಳಿಗೊಮ್ಮೆ ಕೀಲಿಗೆ ಎಣ್ಣೆ ಬಿಡಿ.

ನನ್ನ ಕಡೆ ನೋಡಿದಳು. ನಾನು ಗಾದಿಯ ಕಡೆ.
"ಬೂಟಿನ ಸುದ್ದಿನೇ ಇಲ್ಲಲ್ಲೋ," ಅಂದಳು,
"ಎಣ್ಣಿನೂ ಹಾಕಿಲ್ಲ ನಾವು, ಇಷ್ಟು ವರ್ಷ."
ಕೊಬ್ಬರಿ ಎಣ್ಣೆ ನಡೆಯುತ್ತದೆಯೇ ಎಂದು ಕೇಳುತ್ತ
ಒಬ್ಬ ಹುಡುಗ ಅಂಗಡಿಗೆ ಓಡಿದ, ಬರಿಗಾಲಲ್ಲಿ.