ಎರಡೂ ಕಡೆ

ಶಿವಾಜಿನಗರದ ಕೋರ್ಟಿನಲ್ಲಿ ಪಟ್ಟಿ ಇನ್ನೂ ತಿದ್ದಿಲ್ಲ.
ಪಟ್ಟೇವಾಲ ಬಾಗಿಲಿಗೆ ಬಂದು ಕೂಗಿದ:
ಕಸ್ತೂರಿ ಹತ್ತೂರೆ ವಿರುದ್ಧ ಮಹಾರುದ್ರ ಹತ್ತೂರೆ.
ನಾನು ಎದ್ದು ನಿಂತೆ.
ಮಹಾರುದ್ರ ಹತ್ತೂರೆ,
ಮಹಾರುದ್ರ ಹತ್ತೂರೆ,
ಮೂರನೆಯ ಸಲಕ್ಕೆ ತಡೆಯಲಾರದೆ
‘ಹಾಜರ್’ ಅಂದುಬಿಟ್ಟೆ, ಆ ಹೆಸರಿಗೂ.

ಆರು ವರ್ಷ, ನಲವತ್ತೊಂದು ತಾರೀಖು.
ಧನಕವಡಿಯಿಂದ ನಾನು ಎರಡು ಬಸ್ಸು ಬದಲಿಸಿ,
ಖಡಕಿಯ ಕಾರ್ಖಾನೆಯಿಂದ ಅವನು ಅರ್ಧ ದಿನದ ರಜೆ ಹಾಕಿ.
ಮದುವೆಯಾದಾಗಿಂದ ಎಲ್ಲಿಗೂ
ಹೇಳಿದ ಹೊತ್ತಿಗೆ ಬಾರದವನು
ಇಲ್ಲಿಗೆ ಮಾತ್ರ ಹತ್ತೂವರೆಗೇ ಬಂದು
ಬಾಕಿನ ಆ ತುದಿಗೆ ಕೂರುತ್ತಿದ್ದ.
ಡಬ್ಬಿಯ ಮುಚ್ಚಳ ತೆಗೆದರೆ ಈ ತುದಿಗೆ ಗೊತ್ತಾಗುತ್ತಿತ್ತು
ಇವತ್ತೂ ಚಪಾತಿ ಸೀಯಿಸಿದ್ದಾನೆ.

ಅರ್ಜಿಯಲ್ಲಿ ಇರುವುದು ‘ಕ್ರೌರ್ಯ’.
ಆ ಪದ ಇಲ್ಲದಿದ್ದರೆ ನಡೆಯುವುದಿಲ್ಲ ಅಂದಿದ್ದರು ವಕೀಲರು.
ನಾನು ಹೇಳಿದ್ದು ಇಷ್ಟೇ:
ಅಪ್ಪ ಹೋದ ರಾತ್ರಿ ಅಕ್ಕಲಕೋಟೆಯಿಂದ ಫೋನು ಬಂತು.
ಯಾರದು, ಅಂದೆ.
ರಾಂಗ್ ನಂಬರ್, ಮಲಗು, ಅಂದ.
ಬೆಳಿಗ್ಗೆ ಡಬ್ಬಿ ಕಟ್ಟಿಕೊಟ್ಟ ಮೇಲೆ
ಚಪ್ಪಲಿ ಮೆಟ್ಟುತ್ತಾ ಹೇಳಿದ.

ಅವನು ಸಸೂನಿನಲ್ಲಿ ಹೋದದ್ದು ಸೋಮವಾರ.
ನನಗೆ ತಿಳಿದದ್ದು ಗುರುವಾರ, ವಕೀಲರ ಫೋನಿನಿಂದ:
ನಿಮ್ಮ ಎದುರುದಾರರು ತೀರಿಕೊಂಡರಂತೆ.
ಒಲೆಯ ಮೇಲೆ ಬೇಳೆ ಕುದಿಯುತ್ತಿತ್ತು.
ರಾಂಗ್ ನಂಬರ್ ಅನ್ನಲು ಬಾಯಿ ತೆರೆದಿದ್ದೆ.

ನ್ಯಾಯಾಧೀಶೆ ಕನ್ನಡಕ ತೆಗೆದರು.
ಮೃತರ ವಾರಸುದಾರರು ಯಾರಾದರೂ ಇದ್ದಾರೆಯೇ?
ಮಕ್ಕಳಿಲ್ಲ. ಅವನ ಅವ್ವ ಕೊರೊನಾದಲ್ಲೇ ಹೋದಳು.
ವಕೀಲರು ನನ್ನ ಮುಖ ನೋಡಿದರು,
ಟೈಪಿಸ್ಟ್ ಹುಡುಗಿಯೂ ನೋಡಿದಳು.
ಅವನ ಜಾಗದಲ್ಲಿ ನಿಂತು ನನಗೆ ಉತ್ತರ ಕೊಡಬಲ್ಲವಳು
ಈ ಊರಲ್ಲಿ ನಾನೊಬ್ಬಳೇ.

ಅರ್ಜಿ ತಾನಾಗಿಯೇ ಮುಗಿದಿದೆ ಎಂದು ಬರೆಸಿದರು.
ಒಂದೂವರೆ ಸಾಲು.
ತಾನಾಗಿ ಅಂದರೆ
ಹಾಲು ಒಡೆದ ಹಾಗೋ, ಹುಣ್ಣು ಮಾಯ್ದ ಹಾಗೋ
ಅದನ್ನು ಬರೆಸಲಿಲ್ಲ.
ಇವನ ಹೆಂಡತಿಯಲ್ಲ ಅನ್ನಿಸಿಕೊಳ್ಳಲು ಅಲೆದವಳು
ಇನ್ನು ಯಾರೂ ಬಿಡಿಸಲಾಗದ ಹಾಗೆ
ಅವನ ಹೆಂಡತಿ.
ಶುಭ ಹೇಳಬೇಕೋ ಸಮಾಧಾನ ಹೇಳಬೇಕೋ ತಿಳಿಯದೆ
ವಕೀಲರು ಫೈಲಿಗೆ ದಾರ ಸುತ್ತಿದರು.
ಪೆನ್ಶನ್ ನಿಮಗೇ ಬರುತ್ತದೆ, ಅಂದರು,
ಗೆದ್ದಿದ್ದರೆ ಬರುತ್ತಿರಲಿಲ್ಲ.

ಕೆಳಗೆ ರೆಕಾರ್ಡು ಕೋಣೆ.
ನಿಶಾಣಿ ಏಳು, ನಮ್ಮ ಲಗ್ನಪತ್ರಿಕೆ, ವಾಪಸು ಬೇಕಿತ್ತು.
ಇದ್ದದ್ದು ಅದೊಂದೇ ಪ್ರತಿ. ಮೂಲೆಯ ಅರಿಶಿಣದ ಮೇಲೆ
ಕೋರ್ಟಿನ ನೀಲಿ ಮೊಹರು ಬಿದ್ದಿದೆ.
ಕೊಟ್ಟ ಫಾರ್ಮಿನಲ್ಲಿ ಎರಡು ಚೌಕ:
ಅರ್ಜಿದಾರರು. ಎದುರುದಾರರು.
ತುಂಬಿ ಕೊಟ್ಟೆ.
ಗುಮಾಸ್ತ ಹಿಂದಕ್ಕೆ ತಳ್ಳಿದ.
ಬಾಯಿ, ಎರಡಕ್ಕೂ ಗುರುತು ಹಾಕಿದ್ದೀರಿ,
ಒಂದನ್ನು ಹೊಡೆದುಹಾಕಿ.

ಪೆನ್ನು ಅವನದೇ, ದಾರ ಕಟ್ಟಿ ಮೇಜಿಗೆ ಬಿಗಿದದ್ದು.
ಹಿಂದೆ ಸಾಲು ಬೆಳೆಯುತ್ತಿತ್ತು.
ಇವತ್ತು ಆಗುವುದಿಲ್ಲ, ಅಂದೆ,
ಇನ್ನೊಂದು ತಾರೀಖು ಕೊಡಿ.