ಹತ್ತು ವಾಕ್ಯದ ಮನೆಪಾಠ

ಹಾಯ್‌ಫಾಂಗ್ ಬಂದರಿನ ಹಿಂದೆ, ಟೈರು ಅಂಗಡಿಯ ಮೇಲೆ
ನನ್ನ ಕೋಣೆ: ಎರಡು ಕುರ್ಚಿ, ಒಂದು ಫ್ಯಾನು,
ಗೋಡೆಯಲ್ಲಿ ಮನಶ್ಶಾಸ್ತ್ರದ ಪದವಿಪತ್ರ,
ಧೂಳು ಕೂರುವಷ್ಟೂ ಹಳತಾಗದ್ದು.
ನಿದ್ದೆ ಬಾರದವರು ಇಲ್ಲಿಗೆ ಬರುತ್ತಾರೆ.

ಮಂಗಳವಾರ ಬಂದವಳು ಮನ್. ಐವತ್ತನಾಲ್ಕು.
ಬೂಟಿನ ಕಾರ್ಖಾನೆಯಲ್ಲಿ ಅಟ್ಟೆಗೆ ಅಂಟು ಹಚ್ಚಿ ಹಚ್ಚಿ
ಬೆರಳ ತುದಿಯ ಗೆರೆಯೆಲ್ಲ ಸವೆದಿದೆ;
ಹಾಜರಿ ಯಂತ್ರ ದಿನಾ ಬೆಳಿಗ್ಗೆ ಮೂರು ಸಲ
ಯಾರು, ಯಾರು, ಯಾರು ಅನ್ನುತ್ತದಂತೆ.

ಈ ಪದ್ಯದ 'ನಾನು' ಕಾಗದಕ್ಕಷ್ಟೇ.
ನಮ್ಮಲ್ಲಿ ಬಾಯಿ ತೆರೆಯುವ ಮೊದಲು
ಎದುರಿನವರ ವಯಸ್ಸು ಅಳೆಯಬೇಕು.
ಅವಳ ಮುಂದೆ ನಾನು ಚಾವ್, ಸೋದರಳಿಯ.
ನನ್ನ ಮುಂದೆ ಅವಳು ಕೋ, ಸೋದರತ್ತೆ.
ಹೆತ್ತವ್ವನ ಮುಂದೆ ಕೊನ್, ಕೂಸು.
ಮಗಳ ಮುಂದೆ ಮೆ.
ಗಂಡನ ಮುಂದೆ ಎಮ್, ತಂಗಿ
(ಹೌದು, ತಂಗಿ; ನಮ್ಮಲ್ಲಿ ಒಲವಿನ ಮಾತೇ ಅದು).
ಮೇಷ್ಟರ ಮುಂದೆಯೂ ಅದೇ ಎಮ್, ಆದರೆ ಕೈಕಟ್ಟಿ ನಿಂತದ್ದು.
ಅಂಗಿ ಬದಲಿಸಿದ ಹಾಗೆ ಎಂದು ಬರೆಯಬಹುದಿತ್ತು. ಅಲ್ಲ.
ಅಂಗಿಯಾಗಿದ್ದರೆ ಒಳಗೊಂದು ಮೈ ಇರಬೇಕಲ್ಲ.

ನಾನು ಓದಿದ ಪುಸ್ತಕಗಳೆಲ್ಲ ಅನುವಾದ.
ಅವುಗಳಲ್ಲಿ ಒಂದು ವೃತ್ತ, ನಡುವೆ ಒಂದು ಚುಕ್ಕೆ;
ಚುಕ್ಕೆಯೇ ನೀನು, ಸುತ್ತಲಿನದು ನಂಟು.
ಆ ಧೈರ್ಯದ ಮೇಲೆ ನೋಟ್‌ಬುಕ್ ಕೊಟ್ಟೆ:
"ದಿನಕ್ಕೆ ಹತ್ತು ವಾಕ್ಯ. ಎಲ್ಲವೂ 'ತೋಯ್' ಎಂದು ಶುರುವಾಗಲಿ."
ತೋಯ್, ಯಾರ ಕೂಸೂ ಯಾರ ತಂಗಿಯೂ ಅಲ್ಲದ
ಬರಿಯ, ಬೋಳು ನಾನು.
ಅವಳು ನಕ್ಕಳು:
"ಮನೆಪಾಠ ಕೊಟ್ಟವನು ಮೇಷ್ಟರಾದರೆ
ಈ ಅತ್ತೆ ಈಗ ನಿನಗೆ ತಂಗಿಯಾಗಬೇಕೋ?"
ನನ್ನ ಕಿವಿ ಕೆಂಪಾಯಿತು.

ಮುಂದಿನ ವಾರ ನಾಲ್ಕೇ ಸಾಲು.
ತೋಯ್ ಐದಕ್ಕೆ ಎದ್ದೆ.
ತೋಯ್ ಅಕ್ಕಿ ತೊಳೆದೆ.
ತೋಯ್ ಬಸ್ಸು ಹಿಡಿದೆ.
ತೋಯ್ ಏನನ್ನೂ ಕದ್ದಿಲ್ಲ.
"ಠಾಣೆಯಲ್ಲಿ ಬರೆದುಕೊಟ್ಟ ಹಾಗಾಯಿತು," ಅಂದಳು,
"ಬರೆಯುತ್ತಾ ಬರೆಯುತ್ತಾ, ಏನೋ ತಪ್ಪು ಮಾಡಿದ್ದೇ ಇರಬೇಕು ಅನ್ನಿಸಿತು."

ಆಮೇಲೆ ಫ್ಯಾನಿನ ಕಡೆ ನೋಡುತ್ತ ಹೇಳಿದಳು:
ಇಪ್ಪತ್ತಾರು ವರ್ಷ ಗಂಡ ಅವಳೆದುರು ಆ ಪದ ಆಡಿರಲಿಲ್ಲ.
ಆಡಿದ್ದು ಒಂದೇ ರಾತ್ರಿ.
ಏಡಿಸಾರು ಆರುತ್ತಿತ್ತು. ಹೊಸ್ತಿಲಲ್ಲಿ ಚೀಲ.
"ತೋಯ್ ಹೊರಟೆ."
ಬೈಯಲಿಲ್ಲ, ಬಾಗಿಲು ಬಡಿಯಲಿಲ್ಲ;
ಅಣ್ಣನೂ ಇಲ್ಲ, ತಂಗಿಯೂ ಇಲ್ಲ,
ಅಡುಗೆಮನೆಯಲ್ಲಿ ಗುರುತಿಲ್ಲದ ಇಬ್ಬರು.

ಅದೇ ಪದವನ್ನು ನಾನು
ದಿನಕ್ಕೆ ಹತ್ತು, ಊಟದ ನಂತರ, ಎಂದು ಬರೆದುಕೊಟ್ಟಿದ್ದೆ.

ಆ ರಾತ್ರಿ ನಾನೂ ಹತ್ತು ವಾಕ್ಯಕ್ಕೆ ಕುಳಿತೆ.
ಏಳನೆಯದು: ತೋಯ್ ಅಪ್ಪನಿಗೆ ಫೋನು ಮಾಡದೆ ತಿಂಗಳಾಯಿತು.
ಅಪ್ಪ ಬಂದ ಸಾಲಿನಲ್ಲಿ ತೋಯ್ ನಿಲ್ಲಲಿಲ್ಲ.
ಹೊಡೆದುಹಾಕಿ ಕೊನ್ ಎಂದು ತಿದ್ದಿದೆ;
ಶಾಯಿ ಹಿಂದಿನ ಹಾಳೆಗೂ ಇಳಿದಿತ್ತು.
ಎಂಟು, ಒಂಬತ್ತು, ಹತ್ತು ಬರೆಯಲಿಲ್ಲ.

ಮೂರನೆಯ ಮಂಗಳವಾರ, ಸೋನೆಯಲ್ಲಿ ತಡವಾಗಿ ಬಂದಳು.
ಇಡೀ ವಾರಕ್ಕೆ ಒಂದೇ ವಾಕ್ಯ. ತೋಯ್ ಇರಲಿಲ್ಲ.
ಮಿಞ್ ಎಂದಿತ್ತು.
ಮಿಞ್ ಅಂದರೆ ಮೈ. ಮಿಞ್ ಅಂದರೆ ತಾನು.
ದೀಪ ಆರಿಸಿದ ಮೇಲೆ, ಒಳ್ಳೆಯ ದಿನಗಳಲ್ಲಿ,
ಗಂಡ ಹೆಂಡಿರು ಒಬ್ಬರನ್ನೊಬ್ಬರು ಕರೆಯುವುದೂ ಅದೇ.

"ಮಿಞ್‌ಗೆ ಚಳಿಯಾಗುತ್ತಿದೆ."

ಯಾರಿಗೆ, ಎಂದೆ. ನಿಮಗೋ, ಅವರಿಗೋ?
ಪೆನ್ನಿನ ಮುಚ್ಚಳ ಸಿಗದೆ ಹುಡುಕುತ್ತಿದ್ದಳು.
"ಅಷ್ಟು ಗೊತ್ತಿದ್ದಿದ್ದರೆ," ಅಂದಳು, "ನಿದ್ದೆ ಬರುತ್ತಿತ್ತಪ್ಪಾ."

ಕೆಳಗೆ ಟೈರಿನವನು ಟ್ಯೂಬನ್ನು ನೀರಲ್ಲಿ ಮುಳುಗಿಸಿ
ಗುಳ್ಳೆ ಎಲ್ಲಿಂದ ಏಳುತ್ತದೆಂದು ಕಾಯುತ್ತಿದ್ದ.
ಕಿಟಕಿಗೆ ಹೋಗಿ ಸ್ವಲ್ಪ ಹೊತ್ತು
ಇಬ್ಬರೂ ನೋಡಿದೆವು.